ಗೃಹಸಾಲದ ನಿಜವಾದ ವೆಚ್ಚ: ಸಹಿ ಹಾಕುವ ಮೊದಲು ನೀವೇ ಲೆಕ್ಕ ಹಾಕಿಕೊಳ್ಳುವ ಬಗೆ

ಮನೆ ಸಾಲಕ್ಕೆ ಹೊರಟವರು ಸಾಮಾನ್ಯವಾಗಿ ಎರಡೇ ಪ್ರಶ್ನೆ ಕೇಳುತ್ತಾರೆ: ಬಡ್ಡಿ ಎಷ್ಟು, ತಿಂಗಳ ಕಂತು ಎಷ್ಟು. ಎರಡಕ್ಕೂ ಉತ್ತರ ಸಿಕ್ಕಿದ ಕೂಡಲೇ ಲೆಕ್ಕ ಮುಗಿಯಿತು ಅಂದುಕೊಳ್ಳುತ್ತಾರೆ. ಐದಾರು ವರ್ಷ ತಪ್ಪದೆ ಕಂತು ಕಟ್ಟಿ, ಒಂದು ದಿನ ಸ್ಟೇಟ್‌ಮೆಂಟ್ ತೆಗೆದು ನೋಡಿ, ಅಸಲು ಹೆಚ್ಚುಕಡಿಮೆ ಇದ್ದಲ್ಲೇ ಇದೆಯಲ್ಲ ಎಂದು ಗಾಬರಿಯಾಗುತ್ತಾರೆ. ಅಲ್ಲಿ ಯಾರೂ ಮೋಸ ಮಾಡಿರುವುದಿಲ್ಲ. ಮೊದಲ ದಿನವೇ ಮಾಡಬೇಕಿದ್ದ ಲೆಕ್ಕವನ್ನು ಯಾರೂ ಮಾಡಿರುವುದಿಲ್ಲ, ಅಷ್ಟೆ.

ಈ ಬರಹದುದ್ದಕ್ಕೂ ಒಂದೇ ಉದಾಹರಣೆ ಇಟ್ಟುಕೊಳ್ಳೋಣ: ಸಾಲ 10,00,000, ಬಡ್ಡಿ ವರ್ಷಕ್ಕೆ ಶೇ 9, ಅವಧಿ 20 ವರ್ಷ. ನಾಣ್ಯ ಯಾವುದಾದರೂ ಆಗಲಿ. ಬಡ್ಡಿ ಮತ್ತು ಅವಧಿ ಇಷ್ಟೇ ಇದ್ದು ನಿಮ್ಮ ಸಾಲ 35 ಲಕ್ಷವಾದರೆ ಮೊತ್ತಗಳನ್ನೆಲ್ಲ 3.5ರಿಂದ ಗುಣಿಸಿಕೊಳ್ಳಿ. ಹಂತಗಳನ್ನು ಮಾತ್ರ ಹಿಂದುಮುಂದು ಮಾಡಬೇಡಿ. ಎರಡನೆಯ ಹಂತದ ಪಟ್ಟಿ ಇಲ್ಲದೆ ಮುಂದಿನ ಯಾವ ಲೆಕ್ಕವೂ ನಿಲ್ಲುವುದಿಲ್ಲ.

## ಹಂತ 1: ಬೇಕಾದ ಕಾಗದ, ಬೇಕಾದ ಸಾಧನ

ಸಾಧನವೆಂದರೆ ಯಾವುದಾದರೂ ಒಂದು ಸ್ಪ್ರೆಡ್‌ಶೀಟ್. ಇಂಟರ್‌ನೆಟ್ಟಿನ ಇಎಂಐ ಕ್ಯಾಲ್ಕುಲೇಟರ್ ಕಂತು ಹೇಳುತ್ತದೆ, ಒಟ್ಟು ಬಡ್ಡಿಯನ್ನೂ ಹೇಳುತ್ತದೆ. ಆದರೆ ನಾಲ್ಕನೆಯ ವರ್ಷ ದರ ಏರಿದರೆ ಏನು, ಏಳನೆಯ ವರ್ಷ ಸ್ವಲ್ಪ ಹಣ ಕಟ್ಟಿದರೆ ಏನು ಎಂಬುದಕ್ಕೆ ಹೆಚ್ಚಿನವುಗಳಲ್ಲಿ ಜಾಗವಿರುವುದಿಲ್ಲ.

ಕಾಗದಗಳ ಪೈಕಿ ಮುಖ್ಯವಾದದ್ದು, ಸಾಲದ ಒಟ್ಟು ವೆಚ್ಚವನ್ನು ಒಂದೆಡೆ ಹೇಳುವ ಅಧಿಕೃತ ಹಾಳೆ. ಭಾರತದಲ್ಲಿ ಅದಕ್ಕೆ ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಎನ್ನುತ್ತಾರೆ, ಅಮೆರಿಕದಲ್ಲಿ ಲೋನ್ ಎಸ್ಟಿಮೇಟ್, ಯುರೋಪ್ ಒಕ್ಕೂಟದಲ್ಲಿ ಇಎಸ್‌ಐಎಸ್. ಅದರ ಜೊತೆಗೆ ಶುಲ್ಕಗಳ ಪೂರ್ತಿ ಪಟ್ಟಿ, ಬಡ್ಡಿದರ ಬದಲಾಗುವ ನಿಯಮ, ಅವಧಿಗೆ ಮುಂಚೆ ತೀರಿಸಿದರೆ ದಂಡವಿದೆಯೇ ಎಂಬ ಷರತ್ತು, ಇಷ್ಟನ್ನು ಬರಹದಲ್ಲೇ ಪಡೆಯಿರಿ. ಬಾಯಿಮಾತಿನ ಭರವಸೆ ಲೆಕ್ಕಕ್ಕೆ ಬರುವುದಿಲ್ಲ.

## ಹಂತ 2: ಕಂತಿನ ಪಟ್ಟಿಯನ್ನು ನೀವೇ ಮಾಡಿ

ಐದು ಕಾಲಂ ಸಾಕು: ಕಂತಿನ ಸಂಖ್ಯೆ, ತಿಂಗಳ ಆರಂಭದ ಬಾಕಿ, ಬಡ್ಡಿ, ಅಸಲು, ತಿಂಗಳ ಕೊನೆಯ ಬಾಕಿ. ಆರಂಭದ ಬಾಕಿಯನ್ನು ತಿಂಗಳ ದರದಿಂದ, ಅಂದರೆ 0.09ನ್ನು 12ರಿಂದ ಭಾಗಿಸಿದಾಗ ಬರುವ 0.0075ರಿಂದ ಗುಣಿಸಿದರೆ ಆ ತಿಂಗಳ ಬಡ್ಡಿ. ಕಂತಿನಲ್ಲಿ ಅದನ್ನು ಕಳೆದರೆ ಅಸಲಿಗೆ ಹೋಗುವ ಭಾಗ. ಅದನ್ನು ಬಾಕಿಯಿಂದ ಕಳೆದು ಮುಂದಿನ ಸಾಲಿಗೆ ಇಳಿಸಿ, ಹೀಗೆಯೇ 240 ಸಾಲು ಎಳೆಯಿರಿ.

ಕಂತನ್ನು ಕಂಡುಹಿಡಿಯಲು ಸ್ಪ್ರೆಡ್‌ಶೀಟಿನಲ್ಲಿ ಪಿಎಂಟಿ (PMT) ಎಂಬ ಸೂತ್ರವಿದೆ. ಅದಕ್ಕೆ ತಿಂಗಳ ದರ, ತಿಂಗಳುಗಳ ಸಂಖ್ಯೆ, ಸಾಲದ ಮೊತ್ತ ಕೊಡಬೇಕು. ಎಡವುವುದು ಇಲ್ಲೇ: ವರ್ಷದ ದರವನ್ನೇ ಕೊಡುವುದು, ಅಥವಾ ದರವನ್ನು ತಿಂಗಳಿಗೆ ಇಳಿಸಿ ಅವಧಿಯನ್ನು ಮಾತ್ರ ವರ್ಷದಲ್ಲೇ ಬಿಡುವುದು. ಉತ್ತರ ಋಣ ಚಿಹ್ನೆಯೊಂದಿಗೆ ಬಂದರೆ ಹೆದರಬೇಡಿ, ಅದು ನಿಮ್ಮ ಕೈಯಿಂದ ಹೋಗುವ ಹಣ ಎಂಬ ಸೂಚನೆ.

ನಮ್ಮ ಉದಾಹರಣೆಯಲ್ಲಿ ಕಂತು 8,997. ಮೊದಲ ತಿಂಗಳು ಅದರಲ್ಲಿ 7,500 ಬಡ್ಡಿಗೆ ಹೋಗುತ್ತದೆ, ಅಸಲಿಗೆ ಬರೀ 1,497. ಐದು ವರ್ಷ ಮುಗಿಯುವಾಗ ನೀವು ಕಟ್ಟಿರುವುದು 5.4 ಲಕ್ಷ, ಬಾಕಿ ಇರುವುದು 8.87 ಲಕ್ಷ. ಹತ್ತು ವರ್ಷಕ್ಕೆ, ಅಂದರೆ ಅವಧಿ ಅರ್ಧ ಕಳೆದಾಗಲೂ, 7.10 ಲಕ್ಷ ಬಾಕಿ. ಬಡ್ಡಿಗಿಂತ ಅಸಲಿಗೆ ಹೆಚ್ಚು ಹೋಗತೊಡಗುವುದು 12 ವರ್ಷ ದಾಟಿದ ಮೇಲೆ. ಸಾಲ ಅರ್ಧಕ್ಕೆ ಇಳಿಯಲು 14 ವರ್ಷ ಬೇಕು. 240 ಕಂತು ಮುಗಿದಾಗ ಕಟ್ಟಿದ ಒಟ್ಟು ಹಣ 21.59 ಲಕ್ಷ.

ಪಟ್ಟಿ ಸರಿಯಿದೆಯೇ ಎಂದು ತಿಳಿಯಲು ಕೊನೆಯ ಸಾಲನ್ನು ನೋಡಿ. ಬಾಕಿ ಸೊನ್ನೆಗೆ ಬಂದಿರಬೇಕು. ನೂರಿನ್ನೂರರ ವ್ಯತ್ಯಾಸ ಕಂತನ್ನು ಪೂರ್ಣಾಂಕ ಮಾಡಿದ್ದರಿಂದ ಬಂದದ್ದು. ಸಾವಿರಗಳಲ್ಲಿ ವ್ಯತ್ಯಾಸವಿದ್ದರೆ ಯಾವುದೋ ಸೂತ್ರ ತಪ್ಪಿದೆ, ಮುಂದೆ ಹೋಗಬೇಡಿ. ನಿಮ್ಮ ಪಟ್ಟಿಗೂ ಸಾಲ ಕೊಡುವವರ ಪಟ್ಟಿಗೂ ತಾಳೆಯಾಗದಿದ್ದರೆ ಬಡ್ಡಿಯನ್ನು ದಿನದ ಬಾಕಿಯ ಮೇಲೆ ಹಾಕುತ್ತಾರೋ, ತಿಂಗಳ ಬಾಕಿಯ ಮೇಲೋ, ವರ್ಷದ ಬಾಕಿಯ ಮೇಲೋ ಕೇಳಿ. ವರ್ಷಕ್ಕೊಮ್ಮೆ ಬಾಕಿ ಇಳಿಸುವ ಪದ್ಧತಿಯಿದ್ದರೆ ಈಗಾಗಲೇ ಕಟ್ಟಿದ ಅಸಲಿಗೂ ತಿಂಗಳುಗಟ್ಟಲೆ ಬಡ್ಡಿ ತೆರುತ್ತಿರುತ್ತೀರಿ.

## ಹಂತ 3: ಶುಲ್ಕಗಳನ್ನು ದರದೊಳಗೆ ಸೇರಿಸಿ

ಪ್ರೊಸೆಸಿಂಗ್ ಶುಲ್ಕ, ಕಾನೂನು ಪರಿಶೀಲನೆ, ಮನೆಯ ಮೌಲ್ಯಮಾಪನ, ಅಡಮಾನ ನೋಂದಣಿ, ಇವೆಲ್ಲ ಒಂದೇ ಸಲದ ಖರ್ಚು ಎಂದು ಜನ ಬದಿಗಿಡುತ್ತಾರೆ. ಹಾಗೆ ಬದಿಗಿಟ್ಟರೆ ಎರಡು ಸಾಲಗಳನ್ನು ಹೋಲಿಸಲು ಆಗುವುದೇ ಇಲ್ಲ.

ಹತ್ತು ಲಕ್ಷದ ಸಾಲಕ್ಕೆ ಶುಲ್ಕಗಳೆಲ್ಲ ಸೇರಿ 20,000 ಆಯಿತು ಎನ್ನಿ. ನಿಮ್ಮ ಕೈಗೆ ನಿಜಕ್ಕೂ ಬಂದದ್ದು 9.8 ಲಕ್ಷ, ಕಂತು ಮಾತ್ರ ಹತ್ತು ಲಕ್ಷದ್ದೇ. ಸ್ಪ್ರೆಡ್‌ಶೀಟಿನ ರೇಟ್ (RATE) ಸೂತ್ರಕ್ಕೆ 240 ತಿಂಗಳು, ಋಣ ಚಿಹ್ನೆಯ 8,997.26, ಮತ್ತು 9,80,000 ಕೊಟ್ಟು, ಬಂದದ್ದನ್ನು 12ರಿಂದ ಗುಣಿಸಿ. ಉತ್ತರ ಶೇ 9.28. ಅದೇ ನಿಮ್ಮ ನಿಜದ ದರ.

ಇದು ಪೂರ್ತಿ 20 ವರ್ಷ ಆ ಸಾಲದಲ್ಲೇ ಇದ್ದರೆ. ಐದನೆಯ ವರ್ಷಕ್ಕೆ ಮನೆ ಮಾರಿದಿರಿ ಅಥವಾ ಸಾಲವನ್ನು ಬೇರೆಡೆಗೆ ಸಾಗಿಸಿದಿರಿ ಎಂದಾದರೆ ಅದೇ 20,000 ಐದೇ ವರ್ಷಗಳ ಮೇಲೆ ಬೀಳುತ್ತದೆ, ನಿಜದ ದರ ಶೇ 9.53ಕ್ಕೆ ಏರುತ್ತದೆ. ಹಾಗಾಗಿ ಸಾಲ ಎಷ್ಟು ವರ್ಷ ಇಟ್ಟುಕೊಳ್ಳುತ್ತೀರಿ ಎಂಬುದನ್ನು ಪ್ರಾಮಾಣಿಕವಾಗಿ ಅಂದಾಜು ಮಾಡಿ. ಬೇಗ ಹೊರಬರುವವರಿಗೆ ಶುಲ್ಕ ಕಡಿಮೆಯಿರುವ ಸಾಲ ಲಾಭ, ಕೊನೆಯವರೆಗೂ ಇರುವವರಿಗೆ ದರ ಕಡಿಮೆಯಿರುವ ಸಾಲ.

ಸಾಲದ ಜೊತೆ ಜೀವವಿಮೆ ಕೊಂಡು ಅದರ ಕಂತನ್ನೂ ಸಾಲಕ್ಕೇ ಸೇರಿಸುವ ರೂಢಿಯೊಂದಿದೆ. 40,000ದ ವಿಮೆಯನ್ನು ಹೀಗೆ ಸೇರಿಸಿದರೆ 20 ವರ್ಷದಲ್ಲಿ ನೀವು ಅದಕ್ಕೆ ಕೊಡುವುದು 86,374. ವಿಮೆ ಬೇಕೇ ಬೇಕು ಎಂದಾದರೆ ಹಣವನ್ನು ಬೇರೆಯಾಗಿ ಕೊಡಿ.

ಇನ್ನೊಂದು ಬಲೆ ಫ್ಲ್ಯಾಟ್ ದರ. ಅದರಲ್ಲಿ ಬಡ್ಡಿಯನ್ನು ಇಳಿಯುವ ಬಾಕಿಯ ಮೇಲೆ ಹಾಕದೆ ಕೊನೆಯವರೆಗೂ ಮೂಲ ಸಾಲದ ಮೇಲೇ ಹಾಕುತ್ತಾರೆ. ಶೇ 5ರ ಫ್ಲ್ಯಾಟ್ ದರದ 20 ವರ್ಷದ ಸಾಲ, ಇಳಿಯುವ ಬಾಕಿಯ ಲೆಕ್ಕದಲ್ಲಿ ಹತ್ತಿರ ಹತ್ತಿರ ಶೇ 8ರ ಸಾಲ.

## ಹಂತ 4: ಅವಧಿಯನ್ನು ಕಂತಿನಿಂದಲ್ಲ, ವೆಚ್ಚದಿಂದ ಆರಿಸಿ

ಅದೇ 10 ಲಕ್ಷ, ಅದೇ ಶೇ 9. ಅವಧಿ ಮಾತ್ರ ಬದಲಾದರೆ:

| ಅವಧಿ | ತಿಂಗಳ ಕಂತು | ಒಟ್ಟು ಬಡ್ಡಿ |
|---|---|---|
| 15 ವರ್ಷ | 10,143 | 8.26 ಲಕ್ಷ |
| 20 ವರ್ಷ | 8,997 | 11.59 ಲಕ್ಷ |
| 25 ವರ್ಷ | 8,392 | 15.18 ಲಕ್ಷ |
| 30 ವರ್ಷ | 8,046 | 18.97 ಲಕ್ಷ |

ಮಧ್ಯದ ಕಾಲಂ ಮೇಲಿನಿಂದ ಕೆಳಕ್ಕೆ ಓದಿ. 15ರಿಂದ 20ಕ್ಕೆ ಹೋದಾಗ ಕಂತು 1,145ರಷ್ಟು ಇಳಿಯಿತು. 25ರಿಂದ 30ಕ್ಕೆ ಹೋದಾಗ ಇಳಿದದ್ದು ಬರೀ 346. ಬಡ್ಡಿ ಮಾತ್ರ ಪ್ರತಿ ಐದು ವರ್ಷಕ್ಕೂ ಮೂರೂವರೆ ಲಕ್ಷದ ಆಸುಪಾಸಿನಲ್ಲಿ ಏರುತ್ತಲೇ ಹೋಗಿದೆ. ಅವಧಿ ಉದ್ದವಾದಷ್ಟೂ ಕಂತಿನಲ್ಲಿ ಸಿಗುವ ನಿರಾಳ ಸಣ್ಣದಾಗುತ್ತದೆ, ಅದಕ್ಕೆ ತೆರುವ ಬೆಲೆ ಸಣ್ಣದಾಗುವುದಿಲ್ಲ. ನನ್ನನ್ನು ಕೇಳಿದರೆ, 346 ಉಳಿಸಲು 25 ವರ್ಷದಿಂದ 30ಕ್ಕೆ ಹೋಗಬೇಕಾದ ಪರಿಸ್ಥಿತಿ ಇರುವವರು ಅವಧಿಯನ್ನು ಮುಟ್ಟುವುದಕ್ಕಿಂತ ಸಾಲದ ಮೊತ್ತವನ್ನೇ ಇಳಿಸಿಕೊಳ್ಳುವುದು ಕ್ಷೇಮ.

ಆದಾಯ ಏರುಪೇರಾಗುವವರು ಉದ್ದದ ಅವಧಿ ತೆಗೆದುಕೊಂಡು, ಕೈಯಲ್ಲಿ ಹಣವಿದ್ದಾಗ ಹೆಚ್ಚಿಗೆ ಕಟ್ಟುವುದೂ ಒಂದು ದಾರಿ. ಮುಂಗಡ ಪಾವತಿಗೆ ದಂಡವಿಲ್ಲದಿದ್ದರೆ ಮಾತ್ರ. ಮತ್ತು ನೀವು ನಿಜವಾಗಿಯೂ ಕಟ್ಟುವವರಾಗಿದ್ದರೆ ಮಾತ್ರ!

## ಹಂತ 5: ದರ ಏರಿದರೆ ಏನಾಗುತ್ತದೆ, ಈಗಲೇ ನೋಡಿ

ಹೆಚ್ಚು ಜನ ಬಿಟ್ಟುಬಿಡುವ ಹಂತ ಇದು, ಹೆಚ್ಚು ಹಣ ಕಳೆದುಕೊಳ್ಳುವುದೂ ಇಲ್ಲಿಯೇ. ಬದಲಾಗುವ ದರದ ಸಾಲದಲ್ಲಿ ಬಡ್ಡಿ ಏರಿದಾಗ ಎರಡು ಸಂಗತಿಗಳಲ್ಲಿ ಒಂದು ನಡೆಯುತ್ತದೆ: ಕಂತು ಏರುತ್ತದೆ, ಇಲ್ಲವೇ ಕಂತು ಇದ್ದಷ್ಟೇ ಇದ್ದು ಅವಧಿ ಬೆಳೆಯುತ್ತದೆ. ಎರಡನೆಯದು ಸದ್ದಿಲ್ಲದೆ ಆಗುವುದರಿಂದ ಸಾಲಗಾರನಿಗೆ ಗೊತ್ತೇ ಆಗುವುದಿಲ್ಲ.

ನಮ್ಮ ಸಾಲದ ಆರಂಭದಲ್ಲೇ ದರ ಶೇ 9ರಿಂದ 10ಕ್ಕೆ ಏರಿತು ಎಂದಿಟ್ಟುಕೊಳ್ಳಿ. ಅವಧಿಯನ್ನು ಬದಲಿಸದೆ ಕಂತನ್ನು ಏರಿಸಿಕೊಂಡರೆ ಹೊಸ ಕಂತು 9,650, ಒಟ್ಟು ಬಡ್ಡಿ 13.16 ಲಕ್ಷ. ತಿಂಗಳಿಗೆ 653 ಹೆಚ್ಚು. ಕಂತನ್ನು 8,997ರಲ್ಲೇ ಬಿಟ್ಟರೆ ಸಾಲ ತೀರಲು 240ರ ಬದಲು 314ಕ್ಕೂ ಹೆಚ್ಚು ತಿಂಗಳು ಬೇಕು, ಅಂದರೆ 26 ವರ್ಷ ದಾಟುತ್ತದೆ. ಒಟ್ಟು ಬಡ್ಡಿ 18.26 ಲಕ್ಷಕ್ಕೆ ಹೋಗುತ್ತದೆ. ತಿಂಗಳಿಗೆ 653 ಉಳಿಸಿದ್ದಕ್ಕೆ ಕೊಟ್ಟದ್ದು ಐದು ಲಕ್ಷಕ್ಕೂ ಮೇಲೆ.

ದರ ಶೇ 10.8ಕ್ಕೆ ಹೋದರೆ ಇನ್ನೂ ವಿಚಿತ್ರ. ಹತ್ತು ಲಕ್ಷದ ಮೇಲೆ ತಿಂಗಳ ಬಡ್ಡಿಯೇ 9,000. ಕಂತು 8,997. ಬಡ್ಡಿಯೇ ಪೂರ್ತಿ ತೀರದೆ, ಉಳಿದದ್ದು ಅಸಲಿಗೆ ಸೇರಿ, ಕಟ್ಟುತ್ತಾ ಹೋದಂತೆ ಸಾಲ ಬೆಳೆಯುತ್ತದೆ. ಸ್ಟೇಟ್‌ಮೆಂಟಿನಲ್ಲಿ ಅಸಲಿನ ಕಾಲಂ ಸೊನ್ನೆಯ ಹತ್ತಿರ ಬಂದಿದ್ದರೆ ಅಥವಾ ಬಾಕಿ ಹಿಂದಿನ ತಿಂಗಳಿಗಿಂತ ಹೆಚ್ಚಾಗಿದ್ದರೆ ನೀವು ಈ ಅಂಚಿನಲ್ಲಿದ್ದೀರಿ. ಅದೇ ವಾರ ಕಂತು ಏರಿಸಲು ಅರ್ಜಿ ಕೊಡಿ.

ಪಟ್ಟಿಯಲ್ಲಿ ಪರೀಕ್ಷಿಸುವುದು ಸುಲಭ. ಈಗಿನ ದರಕ್ಕೆ 1, 2, 3 ಶೇಕಡಾಂಶ ಸೇರಿಸಿ, 20 ವರ್ಷದೊಳಗೇ ತೀರಬೇಕಾದರೆ ಕಂತು ಎಷ್ಟಾಗುತ್ತದೆ ನೋಡಿ. 2 ಸೇರಿಸಿದ ಕಂತನ್ನೇ ಕಟ್ಟಲು ಆಗದಿದ್ದರೆ ಸಾಲ ನಿಮ್ಮ ಅಳತೆಗೆ ದೊಡ್ಡದು. ಮೊದಲ ಒಂದೆರಡು ವರ್ಷ ಕಡಿಮೆ ದರ, ಆಮೇಲೆ ಮಾರುಕಟ್ಟೆ ದರ ಎನ್ನುವ ಸಾಲಗಳಲ್ಲಿ ಆಮೇಲಿನ ದರದಿಂದಲೇ ಲೆಕ್ಕ ಶುರು ಮಾಡಿ. ಮೊದಲ ವರ್ಷಗಳ ಕಡಿತವನ್ನು ಕೊನೆಗೆ ಒಟ್ಟು ವೆಚ್ಚದಿಂದ ಕಳೆದರಾಯಿತು. ಸ್ಥಿರ ದರ ಎಂದು ಹೇಳಿದ್ದರೆ ಎಷ್ಟು ವರ್ಷ ಸ್ಥಿರ ಎಂದು ಷರತ್ತಿನಲ್ಲಿ ಹುಡುಕಿ. ಎಷ್ಟೋ ಕಡೆ ಅದು ಮೊದಲ ಕೆಲವು ವರ್ಷಕ್ಕಷ್ಟೇ.

## ಹಂತ 6: ಮನೆಯೇ ತಿನ್ನುವ ಹಣ

ಆಸ್ತಿ ತೆರಿಗೆ, ಕಟ್ಟಡದ ವಿಮೆ, ಅಪಾರ್ಟ್‌ಮೆಂಟ್ ಆದರೆ ನಿರ್ವಹಣಾ ಶುಲ್ಕ, ರಿಪೇರಿ. ರಿಪೇರಿಗೆ ವರ್ಷಕ್ಕೆ ಮನೆಯ ಬೆಲೆಯ ಶೇ 1 ಎತ್ತಿಡುವುದು ಒರಟು ಅಂದಾಜು. ಹಳೆಯ ಮನೆಗೆ ಅದು ಸಾಲದು. ಇವನ್ನೆಲ್ಲ 12ರಿಂದ ಭಾಗಿಸಿ ಕಂತಿನ ಪಕ್ಕ ಇನ್ನೊಂದು ಕಾಲಂನಲ್ಲಿ ಹಾಕಿ.

ಕಟ್ಟುತ್ತಿರುವ ಮನೆಯಾದರೆ ಇನ್ನೊಂದು ಸಾಲು ಸೇರಿಸಿ. ಕೀಲಿ ಕೈಗೆ ಬರುವವರೆಗೆ ಬರೀ ಬಡ್ಡಿ ಕಟ್ಟುವ ಒಪ್ಪಂದವಿದ್ದು ಪೂರ್ತಿ ಹಣ ಬಿಡುಗಡೆಯಾಗಿದ್ದರೆ 18 ತಿಂಗಳಿಗೆ 1,35,000 ಹೋಗುತ್ತದೆ, ಅಸಲು ಒಂದಿಷ್ಟೂ ಇಳಿಯುವುದಿಲ್ಲ. ಆ ತಿಂಗಳುಗಳಲ್ಲಿ ಬಾಡಿಗೆಯೂ ನಡೆಯುತ್ತಿರುತ್ತದೆ.

ತೆರಿಗೆ ವಿನಾಯಿತಿ ಸಿಗುವ ಕಡೆ ಅದನ್ನು ಕಳೆಯಬಹುದು. ಆದರೆ ನಿಮ್ಮ ತೆರಿಗೆ ದರ ಶೇ 20 ಇದ್ದರೆ 100 ಬಡ್ಡಿ ಕಟ್ಟಿದಾಗ ಹೆಚ್ಚೆಂದರೆ 20 ಉಳಿಯುತ್ತದೆ, 80 ಹೋದದ್ದು ಹೋದದ್ದೇ. ತೆರಿಗೆ ಉಳಿಸಲೆಂದು ಸಾಲ ಮುಂದುವರಿಸುವವರ ಲೆಕ್ಕ ನನಗಿನ್ನೂ ಅರ್ಥವಾಗಿಲ್ಲ.

## ಹಂತ 7: ಮುಂಗಡ ಪಾವತಿಯ ಲೆಕ್ಕ

ಮುಂಗಡ ಪಾವತಿಯಲ್ಲಿ ಎಷ್ಟು ಕಟ್ಟಿದಿರಿ ಎಂಬಷ್ಟೇ ಮುಖ್ಯವಾದದ್ದು ಯಾವಾಗ ಕಟ್ಟಿದಿರಿ ಎಂಬುದು. ಎರಡನೆಯ ವರ್ಷದ ಕೊನೆಗೆ ಒಂದು ಲಕ್ಷ ಕಟ್ಟಿ, ಕಂತನ್ನು ಹಾಗೇ ಇಟ್ಟುಕೊಂಡರೆ ಉಳಿಯುವ ಬಡ್ಡಿ ಸುಮಾರು 3.21 ಲಕ್ಷ. ಅದೇ ಒಂದು ಲಕ್ಷವನ್ನು 15ನೆಯ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು 48,000ಕ್ಕೂ ಕಡಿಮೆ.

ಒಂದು ಲಕ್ಷ ಕಟ್ಟಿದ ಮೇಲೆ ಅವಧಿ ಇಳಿಸಬೇಕೋ ಕಂತು ಇಳಿಸಬೇಕೋ ಎಂಬ ಪ್ರಶ್ನೆ ಬರುತ್ತದೆ. ಎರಡನೆಯ ವರ್ಷದ ಉದಾಹರಣೆಯಲ್ಲೇ ಅವಧಿ ಬದಲಿಸದೆ ಕಂತನ್ನು ಇಳಿಸಿಕೊಂಡರೆ ಹೊಸ ಕಂತು 8,061 ಆಗುತ್ತದೆ, ಉಳಿಯುವ ಬಡ್ಡಿ 1.02 ಲಕ್ಷ ಮಾತ್ರ. ಮೂರು ಪಟ್ಟಿನ ವ್ಯತ್ಯಾಸ, ಅರ್ಜಿಯ ಒಂದು ಗುರುತಿನಲ್ಲಿ. ಅವಧಿ ಇಳಿಸಿ ಎಂದು ಬರೆದೇ ಕೊಡಿ, ಬಂದ ಹೊಸ ಪಟ್ಟಿಯಲ್ಲಿ ಕೊನೆಯ ಕಂತಿನ ದಿನಾಂಕ ಹಿಂದಕ್ಕೆ ಬಂದಿದೆಯೇ ನೋಡಿ.

ದೊಡ್ಡ ಮೊತ್ತ ಇಲ್ಲದವರು ಮೊದಲ ತಿಂಗಳಿಂದಲೇ ಕಂತಿಗೆ 1,000 ಸೇರಿಸಿ ಕಟ್ಟಿದರೂ ಸಾಲ ನಾಲ್ಕೂವರೆ ವರ್ಷ ಮುಂಚೆ ತೀರುತ್ತದೆ, ಬಡ್ಡಿಯಲ್ಲಿ 3.03 ಲಕ್ಷ ಉಳಿಯುತ್ತದೆ. ಕಷ್ಟಕಾಲದ ಹಣವನ್ನು ಮಾತ್ರ ಇದಕ್ಕೆ ಸುರಿಯಬೇಡಿ. ಮನೆಯೊಳಗೆ ಹೋದ ಹಣ ಬೇಕೆಂದಾಗ ಹೊರಗೆ ಬರುವುದಿಲ್ಲ. ಶೇ 9ಕ್ಕಿಂತ ದುಬಾರಿಯ ಬೇರೆ ಸಾಲವಿದ್ದರೆ ಮೊದಲು ಅದನ್ನು ತೀರಿಸಿ.

## ಹಂತ 8: ಸಾಲ ಬದಲಿಸುವ ಮುನ್ನ

ಐದು ವರ್ಷದ ನಂತರ 8.87 ಲಕ್ಷ ಬಾಕಿ ಇರುವಾಗ ಬೇರೊಬ್ಬರು ಶೇ 8.5ಕ್ಕೆ ಸಾಲ ಕೊಡುತ್ತಾರೆ, ಕಂತು 7,698ಕ್ಕೆ ಇಳಿಯುತ್ತದೆ ಎನ್ನುತ್ತಾರೆ. ತಿಂಗಳಿಗೆ 1,300 ಉಳಿತಾಯ! ಅವಧಿ ನೋಡಿ: ಮತ್ತೆ 20 ವರ್ಷ. ಇನ್ನು ಮುಂದೆ ಕಟ್ಟುವ ಒಟ್ಟು ಮೊತ್ತ 18.48 ಲಕ್ಷ. ಹಳೆಯ ಸಾಲದಲ್ಲೇ ಉಳಿದಿದ್ದರೆ 16.20 ಲಕ್ಷಕ್ಕೆ ಮುಗಿಯುತ್ತಿತ್ತು. ದರವೂ ಇಳಿದು, ಕಂತೂ ಇಳಿದು, 2.28 ಲಕ್ಷ ಹೆಚ್ಚಿಗೆ ಹೋಯಿತು.

ಸರಿಯಾದ ಹೋಲಿಕೆ ಉಳಿದ ಅವಧಿಗೇ ಮಾಡಬೇಕು. 15 ವರ್ಷಕ್ಕೆ ಶೇ 8.5ರಲ್ಲಿ ಕಂತು 8,735, ಒಟ್ಟು ಉಳಿತಾಯ ಸುಮಾರು 47,000. ಹೊಸ ಸಾಲದ ಶುಲ್ಕ, ಹಳೆಯದನ್ನು ಮುಚ್ಚುವ ಶುಲ್ಕ, ಅಡಮಾನವನ್ನು ಮತ್ತೆ ನೋಂದಾಯಿಸುವ ಖರ್ಚು ಸೇರಿ ಇದರ ಹತ್ತಿರ ಬಂದರೆ ಓಡಾಟವೇ ದಂಡ. ಈಗ ಸಾಲ ಕೊಟ್ಟಿರುವವರ ಬಳಿಯೇ ದರ ಇಳಿಸಲು ಮೊದಲು ಕೇಳಿ. ಹಲವೆಡೆ ಸಣ್ಣ ಶುಲ್ಕಕ್ಕೆ ಆ ಕೆಲಸ ಆಗುತ್ತದೆ.

## ಹಂತ 9: ಇಂದಿನ ಹಣದಲ್ಲಿ ನೋಡಿ

21.59 ಲಕ್ಷ ಎಂಬ ಅಂಕಿ ನೋಡಿ ಬೆಚ್ಚಿಬೀಳುವುದೂ ಒಂದು ತಪ್ಪೇ. ಇಪ್ಪತ್ತನೆಯ ವರ್ಷದ 8,997ಕ್ಕೆ ಇಂದಿನ 8,997ರ ಬೆಲೆ ಇರುವುದಿಲ್ಲ. ಹಣದುಬ್ಬರ ವರ್ಷಕ್ಕೆ ಶೇ 5 ಎಂದು ಹಿಡಿದರೆ ಆ ಕೊನೆಯ ಕಂತು ಇಂದಿನ ಲೆಕ್ಕದಲ್ಲಿ ಸುಮಾರು 3,400. ಎಲ್ಲ ಕಂತುಗಳನ್ನೂ ಹೀಗೆ ಇಳಿಸಿ ಕೂಡಿಸಿದರೆ 20 ವರ್ಷದ ಸಾಲದ ಬೆಲೆ 13.76 ಲಕ್ಷ, 30 ವರ್ಷದ್ದು 15.18 ಲಕ್ಷ. ನಾಲ್ಕನೆಯ ಹಂತದಲ್ಲಿ ಏಳು ಲಕ್ಷಕ್ಕೂ ಮೇಲಿದ್ದ ಅಂತರ ಇಲ್ಲಿ 1.42 ಲಕ್ಷಕ್ಕೆ ಕುಗ್ಗಿತು.

ಹಾಗಾದರೆ ಉದ್ದದ ಅವಧಿಯೇ ಸರಿಯೇ? ನಿಮ್ಮ ಆದಾಯವೂ ಹಣದುಬ್ಬರದ ಜೊತೆ ಏರುತ್ತಾ ಹೋದರೆ ಮಾತ್ರ ಈ ಸಮಾಧಾನ ನಿಮ್ಮದು. ಕೆಲಸದ ಕೊನೆಯ ವರ್ಷಗಳಲ್ಲಿರುವವರಿಗೆ, ನಿವೃತ್ತಿಯ ನಂತರವೂ ಕಂತು ಉಳಿಯುವವರಿಗೆ ಅಲ್ಲ. ಎರಡೂ ಅಂಕಿಗಳನ್ನು ಪಕ್ಕಪಕ್ಕ ಇಟ್ಟುಕೊಂಡು ನಿರ್ಧರಿಸಿ.

## ಈ ಗುರುತುಗಳು ಕಂಡರೆ ನಿಲ್ಲಿ

ಒಟ್ಟು ವೆಚ್ಚ ಕೇಳಿದಾಗ ಮಾತು ಮತ್ತೆ ಮತ್ತೆ ಕಂತಿನ ಕಡೆಗೇ ತಿರುಗಿದರೆ. ಕಂತಿನ ಪಟ್ಟಿಯನ್ನು ಸಹಿಯಾದ ಮೇಲೆ ಕೊಡುತ್ತೇವೆ ಎಂದರೆ. ದರ ಯಾವುದಕ್ಕೆ ತಳುಕು ಹಾಕಿಕೊಂಡಿದೆ, ಎಷ್ಟು ತಿಂಗಳಿಗೊಮ್ಮೆ ಬದಲಾಗುತ್ತದೆ ಎಂಬುದಕ್ಕೆ ಬರಹದ ಉತ್ತರ ಸಿಗದಿದ್ದರೆ. ವಿಮೆ ತೆಗೆದುಕೊಂಡರೆ ಮಾತ್ರ ಈ ದರ ಎಂದರೆ. ಮಂಜೂರಾದ ಮೊತ್ತಕ್ಕಿಂತ ಸಾಲದ ಖಾತೆಯಲ್ಲಿ ತೋರಿಸುವ ಮೊತ್ತ ಹೆಚ್ಚಿದ್ದರೆ. ಆ ಹೆಚ್ಚಿನದು ಏನೆಂದು ತಿಳಿಯುವವರೆಗೆ ಸಹಿ ಬೇಡ.

## ಹಂತ 10: ಸಹಿಯಾದ ಮೇಲೆ

ವರ್ಷಕ್ಕೊಮ್ಮೆ ಸಾಲದ ಸ್ಟೇಟ್‌ಮೆಂಟ್ ತರಿಸಿ, ಬಾಕಿಯನ್ನು ನಿಮ್ಮ ಪಟ್ಟಿಯ ಅದೇ ಸಾಲಿನೊಂದಿಗೆ ಹೋಲಿಸಿ. ದರ ಬದಲಾಗಿದ್ದರೆ ಆ ತಿಂಗಳಿಂದ ಕೆಳಗಿನ ಸಾಲುಗಳಿಗೆ ಹೊಸ ದರ ಹಾಕಿ. ಉಳಿದ ಕಂತುಗಳ ಸಂಖ್ಯೆ 12ರಷ್ಟು ಇಳಿದಿರಬೇಕು. ಇಳಿಯದಿದ್ದರೆ ಅವಧಿ ಬೆಳೆದಿದೆ ಎಂದರ್ಥ, ಐದನೆಯ ಹಂತಕ್ಕೆ ಹಿಂತಿರುಗಿ.

ಕೊನೆಯ ಕಂತಿನ ನಂತರವೂ ಮೂರು ಕೆಲಸ ಉಳಿದಿರುತ್ತವೆ: ಬಾಕಿ ಇಲ್ಲವೆಂಬ ಪತ್ರ ಪಡೆಯುವುದು, ಒತ್ತೆಯಿಟ್ಟ ಮೂಲ ದಾಖಲೆಗಳನ್ನು ಪಟ್ಟಿಯ ಪ್ರಕಾರ ಎಣಿಸಿ ವಾಪಸು ತರುವುದು, ನೋಂದಣಿ ಕಚೇರಿಯಲ್ಲಿ ಅಡಮಾನದ ನಮೂದನ್ನು ತೆಗೆಸುವುದು. ಮೂರನೆಯದನ್ನು ಮರೆತರೆ, ತೀರಿದ ಸಾಲವೂ ದಾಖಲೆಯಲ್ಲಿ ಜೀವಂತವಿದ್ದು ಮನೆ ಮಾರುವಾಗ ಅಡ್ಡ ಬರುತ್ತದೆ. ಅದಕ್ಕೆ ತಗಲುವ ಶುಲ್ಕವನ್ನೂ ನಿಮ್ಮ ಪಟ್ಟಿಯ ಕೊನೆಯ ಸಾಲಿನ ಕೆಳಗೆ ಈಗಲೇ ಬರೆದಿಟ್ಟುಕೊಳ್ಳಿ.